ಹೊಲಿದ ಗಾಯ, ಹೆರಿಗೆಯ ದಾರಿ

ಪ್ರಶ್ನೆ: ನಾನು ಬೆಂಗಳೂರಿನ ಒಂದು ಹೆರಿಗೆ ಆಸ್ಪತ್ರೆಯಲ್ಲಿ ನರ್ಸ್. ಗಂಡನ ಓದಿಗೆಂದು ಬಂದಿರುವ ಸುಡಾನಿನ ಹೆಣ್ಣುಮಗಳೊಬ್ಬರು 18 ವಾರದ ಬಸುರಿ. ಚಿಕ್ಕಂದಿನಲ್ಲೇ ಜನನಾಂಗ ಕತ್ತರಿಸಿ ಹೊಲಿದಿದ್ದಾರೆ. ಒಂದು ಬೆರಳು ಹೋಗುವುದೂ ಕಷ್ಟ. ಮೂತ್ರ ಮಾಡಲು ಕಾಲು ಗಂಟೆ ಹಿಡಿಯುತ್ತದಂತೆ. ಸಿಸೇರಿಯನ್ನೇ ಗತಿಯೇ ಡಾಕ್ಟ್ರೇ?

ಉತ್ತರ: ಅಲ್ಲ. ಈ ಕಾರಣಕ್ಕಷ್ಟೇ ಸಿಸೇರಿಯನ್ ಬೇಕಿಲ್ಲ. ವಿಶ್ವ ಆರೋಗ್ಯ ಸಂಸ್ಥೆ ಇದನ್ನು ಹೆಣ್ಣಿನ ಜನನಾಂಗ ಛೇದನದ ಮೂರನೇ ಬಗೆ ಎನ್ನುತ್ತದೆ. ಯೋನಿಯ ತುಟಿಗಳನ್ನು ಕೊಯ್ದು ಅಂಚುಗಳನ್ನು ಕೂಡಿಸಿದಾಗ ಯೋನಿ, ಮೂತ್ರದ್ವಾರಗಳ ಮೇಲೆ ಚರ್ಮದ ಪರದೆ ಬೆಳೆಯುತ್ತದೆ. ಮೂತ್ರ ಅದರ ಹಿಂದೆ ನಿಂತು ತೊಟ್ಟಿಕ್ಕುತ್ತದೆ. ಪದೇಪದೇ ಸೋಂಕು, ಮುಟ್ಟಿನ ಹೊಟ್ಟೆನೋವು, ಕೂಡುವಾಗಿನ ನೋವು ಎಲ್ಲ ಅಲ್ಲಿಂದಲೇ. ಗಾಯದ ಕಲೆಯೊಳಗೆ ಚರ್ಮದ ಚೂರು ಸಿಕ್ಕಿಕೊಂಡು ವರ್ಷಗಳ ಮೇಲೆ ಗಂಟಾಗುವುದೂ ಉಂಟು.

ಈಗಲೇ, 20ನೇ ವಾರದ ಆಸುಪಾಸಿನಲ್ಲಿ, ಪರದೆಯನ್ನು ಬಿಡಿಸುವುದು ಒಳ್ಳೆಯದು. ಅರಿವಳಿಕೆ ಚುಚ್ಚಿ, ಪರದೆಯ ಹಿಂದೆ ಬೆರಳು ಅಥವಾ ಫೋರ್ಸೆಪ್ಸ್ ತೂರಿಸಿ, ನಟ್ಟನಡುವೆ ಮೇಲ್ಮುಖವಾಗಿ ಕತ್ತರಿಸಬೇಕು. ಮೂತ್ರದ್ವಾರ ಕಂಡೊಡನೆ ನಿಲ್ಲಿಸಿ. ಅದಕ್ಕೂ ಮೇಲೆ ಚಂದ್ರನಾಡಿಯ (ಕ್ಲಿಟೊರಿಸ್) ಭಾಗ ಉಳಿದಿರಬಹುದು, ಅದಕ್ಕೆ ಕತ್ತರಿ ತಾಗಿದರೆ ರಕ್ತ ಜೋರಾಗಿ ಹೋಗುತ್ತದೆ. ಎರಡೂ ಅಂಚುಗಳನ್ನು ಕರಗುವ ದಾರದಿಂದ ಬೇರೆಬೇರೆಯಾಗಿಯೇ ಹೊಲಿಯಿರಿ. ಒಂದಕ್ಕೊಂದು ತಾಗಿದರೆ ಮತ್ತೆ ಅಂಟಿಕೊಳ್ಳುತ್ತವೆ.

ಈಗ ಬೇಡವೆಂದರೆ ಹೆರಿಗೆ ನೋವಿನ ವೇಳೆಯೂ ಮಾಡಬಹುದು. ಆದರೆ ಅಲ್ಲಿಯವರೆಗೆ ಒಳಪರೀಕ್ಷೆ, ಕ್ಯಾತಿಟರ್ (ಮೂತ್ರದ ನಳಿಕೆ) ಹಾಕುವುದು ಎರಡೂ ತ್ರಾಸ. ಅನುಭವವಿಲ್ಲದವರು ಮಾಡುವ ತಪ್ಪೊಂದಿದೆ: ಮುಂದಿನ ಪರದೆಯನ್ನು ಹಾಗೇ ಬಿಟ್ಟು, ಹೆರಿಗೆಯ ದಾರಿ ಅಗಲಿಸಲು ಪಕ್ಕದಲ್ಲಿ ಎಂದಿನ ಕೊಯ್ತ ಹಾಕುವುದು. ಅಡ್ಡಿಯಿರುವುದೇ ಮುಂದೆ! ಮಗು ತಡೆದು ನಿಂತು ಕಲೆ ಅಡ್ಡಾದಿಡ್ಡಿ ಹರಿಯುತ್ತದೆ.

ಮೊದಲೇ ಆಕೆಯನ್ನು ಕೂರಿಸಿಕೊಂಡು, ಗಂಡನಿಲ್ಲದಾಗ, ಒಂದು ಮಾತು ಹೇಳಿ: ಇನ್ನು ಮೂತ್ರ ಧಾರೆಯಾಗಿ, ಸದ್ದು ಮಾಡಿಕೊಂಡು ಬರುತ್ತದೆ. ಹೇಳದಿದ್ದರೆ ಏನೋ ಕೆಟ್ಟಿತೆಂದು ಗಾಬರಿಯಾಗುತ್ತಾರೆ. ಹೆರಿಗೆಯಾದ ಮೇಲೆ ‘ಮೊದಲಿನಂತೆ ಹೊಲಿದುಬಿಡಿ’ ಎಂದು ಮನೆಯವರು ಕೇಳಬಹುದು. ಹರಿದದ್ದನ್ನಷ್ಟೇ ಸರಿಪಡಿಸಿ, ಮುಚ್ಚಬೇಡಿ. ಸುಡಾನಿನಲ್ಲೇ 2020ರಿಂದ ಛೇದನ ಅಪರಾಧ.

ಪ್ರಶ್ನೆ: ನಮ್ಮ ಬೊಹ್ರಾ ಮುಸ್ಲಿಂ ಪಂಗಡದ ಗೆಳತಿ ‘ಹುಡುಗಿಯರಿಗೆ ಮಾಡುವ ಖತ್ನಾದಲ್ಲಿ (ಛೇದನದಲ್ಲಿ) ತೆಗೆಯುವುದು ಚೂರು ಚರ್ಮ, ಏನೂ ಆಗದು’ ಎನ್ನುತ್ತಾಳೆ. ಹೌದೇ?

ಉತ್ತರ: ಚಂದ್ರನಾಡಿಯ ಮೇಲುಚರ್ಮ ಮಾತ್ರ ತೆಗೆದರೂ ಅದು ಮೊದಲ ಬಗೆಯ ಛೇದನವೇ. ಏಳು ವರ್ಷದ ಮಗುವಿನಲ್ಲಿ ಎಲ್ಲವೂ ಪುಟ್ಟದು, ಕೈಕಾಲು ಹಿಡಿದರೂ ಮಗು ಒದ್ದಾಡುತ್ತದೆ. ‘ಚೂರು’ ಎಲ್ಲಿಗೆ ಮುಗಿಯುತ್ತದೆಂದು ಬ್ಲೇಡಿಗೆ ಗೊತ್ತಾಗುವುದಿಲ್ಲ. ನರಕ್ಕೆ ಪೆಟ್ಟಾದರೆ ಬಟ್ಟೆ ತಾಗಿದರೂ ಉರಿ, ಇಲ್ಲವೇ ಮರಗಟ್ಟಿದಂತಾಗುವುದು ಉಳಿದುಬಿಡಬಹುದು. ನಮ್ಮಲ್ಲಿ ಇದಕ್ಕೆಂದೇ ಕಾನೂನಿಲ್ಲ. ಸುಪ್ರೀಂ ಕೋರ್ಟ್ 2018ರಲ್ಲಿ ಪ್ರಕರಣವನ್ನು ಸಂವಿಧಾನ ಪೀಠಕ್ಕೆ ಒಪ್ಪಿಸಿತು.