ಪ್ರತಿಕ್ರಿಯೆ: ಫ್ಲಾರಿಡಾ ಸ್ಟೇಟ್ 2023 — 8-0, 13-0, 13-1ರಲ್ಲಿ ಯಾವುದು ಸರಿ?

ಅಮೆರಿಕದ ಕಾಲೇಜು ಫುಟ್‌ಬಾಲ್ ತಂಡವಾದ ಫ್ಲಾರಿಡಾ ಸ್ಟೇಟ್‌ನ 2023ರ ಗೆಲುವು-ಸೋಲಿನ ದಾಖಲೆ (ಮೊದಲ ಸಂಖ್ಯೆ ಗೆಲುವು, ಎರಡನೆಯದು ಸೋಲು) ಯಾವುದೆಂದು ಕೇಳಿದ್ದೀರಿ. ನಿಮಗೆ ಮೂರು ಬೇರೆ ಲೆಕ್ಕಗಳು ಸಿಕ್ಕಿರುವುದಕ್ಕೆ ಬಹುಶಃ ಕಾರಣ, ಅವು ಋತುವಿನ ಬೇರೆ ಬೇರೆ ಭಾಗಗಳನ್ನು ಎಣಿಸುತ್ತಿರುವುದು. ನೀವು ನೋಡಿದ ಪಟ್ಟಿಗಳು ನನ್ನ ಮುಂದಿಲ್ಲವಾದ್ದರಿಂದ ಕೆಳಗಿನಂತೆ ತಾಳೆ ನೋಡಿ.

ಮೊದಲು 12 ನಿಯಮಿತ ಪಂದ್ಯಗಳನ್ನು ಬರೆದುಕೊಂಡು, ಅವುಗಳಲ್ಲಿ ಎಲ್‌ಎಸ್‌ಯು, ಸದರ್ನ್ ಮಿಸ್, ನಾರ್ತ್ ಅಲಬಾಮಾ ಮತ್ತು ಫ್ಲಾರಿಡಾ ತಂಡಗಳೊಡನೆ ಆಡಿದವನ್ನು ಬದಿಗಿಡಿ. ಉಳಿಯುವ ಎಂಟೂ, ಈ ತಂಡ ಸೇರಿದ್ದ ಕಾಲೇಜು ತಂಡಗಳ ಗುಂಪಾದ ಎಸಿಸಿ (ಅಟ್ಲಾಂಟಿಕ್ ಕೋಸ್ಟ್ ಕಾನ್ಫರೆನ್ಸ್) ಒಕ್ಕೂಟದೊಳಗಿನ ಗೆಲುವುಗಳು. 8-0 ಅಲ್ಲಿಂದ ಬಂದಿದೆ. ಅನಂತರ ಎಲ್ಲ 12ಕ್ಕೆ, ಲೂಯಿವಿಲ್ ವಿರುದ್ಧ 16-6ರಿಂದ ಗೆದ್ದ ಒಕ್ಕೂಟದ ಚಾಂಪಿಯನ್‌ಷಿಪ್ ಪಂದ್ಯವನ್ನು ಸೇರಿಸಿದರೆ 13-0 ಆಗುತ್ತದೆ.

13-1ರಲ್ಲಿ ಕಾಣುವ ಆ ಒಂದು ಸೋಲು ಪ್ಲೇಆಫ್‌ನದಲ್ಲ, ಅಂದರೆ ಸಮಿತಿಯೊಂದು ಆರಿಸಿದ ನಾಲ್ಕು ತಂಡಗಳು ರಾಷ್ಟ್ರೀಯ ಪ್ರಶಸ್ತಿಗಾಗಿ ಆಡಿದ ಪಂದ್ಯಗಳದ್ದಲ್ಲ. ಕ್ವಾರ್ಟರ್‌ಬ್ಯಾಕ್ (ಚೆಂಡೆಸೆದು ದಾಳಿಯನ್ನು ಮುನ್ನಡೆಸುವ ಆಟಗಾರ) ಜೋರ್ಡನ್ ಟ್ರಾವಿಸ್ ನವೆಂಬರ್‌ನಲ್ಲಿ ಕಾಲಿಗೆ ಪೆಟ್ಟಾಗಿ ಹೊರಗುಳಿದ ಮೇಲೆ ತಂಡದ ಬಲ ಕುಗ್ಗಿದೆಯೆಂದು ಭಾವಿಸಿದ ಆಯ್ಕೆ ಸಮಿತಿಯು ಮಿಷಿಗನ್, ವಾಷಿಂಗ್ಟನ್, ಟೆಕ್ಸಸ್, ಅಲಬಾಮಾ ತಂಡಗಳನ್ನು ಆರಿಸಿ, ಅಜೇಯವಾಗಿದ್ದ ಈ ತಂಡವನ್ನು ಐದನೆಯ ಸ್ಥಾನದಲ್ಲಿಟ್ಟಿತು. ಮೈದಾನದಲ್ಲಿ ಸೋಲದ ತಂಡಕ್ಕೆ ಇದು ಅನ್ಯಾಯವೆಂದೇ ನನ್ನ ಅಭಿಪ್ರಾಯ. ಬಳಿಕ ಡಿಸೆಂಬರ್ 30ರಂದು ಪ್ಲೇಆಫ್‌ಗೆ ಸೇರದ ಆರೆಂಜ್ ಬೌಲ್ ಎಂಬ ಋತುವಿನ ಕೊನೆಯ ಪಂದ್ಯದಲ್ಲಿ, ಹಲವು ಪ್ರಮುಖ ಆಟಗಾರರಿಲ್ಲದೆ, ಜಾರ್ಜಿಯಾ ಎದುರು 63-3ರಿಂದ ಸೋತಿತು.

ಆದ್ದರಿಂದ ಇಡೀ ಋತುವಿನ ದಾಖಲೆ ಬೇಕಿದ್ದರೆ 13-1 ಎಂದು ಬರೆಯಿರಿ; ಪ್ಲೇಆಫ್ ಆಯ್ಕೆಯ ದಿನದ ಸ್ಥಿತಿಯನ್ನು ಹೇಳುವಲ್ಲಿ ಮಾತ್ರ 13-0 ಬಳಸಿ.