ಕಪ್ಪಾನನ್ನು ಕತ್ತಿಯಿಂದಲೇ ಸೋಲಿಸಬೇಕಾ?

ಪ್ರಶ್ನೆ: ನಾವಿಬ್ಬರು ಗೆಳೆಯರು ಸೇರಿ ಒಂದು ಚಿಕ್ಕ ಡಂಜನ್ ಕ್ರಾಲರ್ (ನೆಲಮಾಳಿಗೆಯಂಥ ದಾರಿಗಳಲ್ಲಿ ಶತ್ರುಗಳನ್ನು ಎದುರಿಸುತ್ತಾ ಸಾಗುವ) ಗೇಮ್ ಮಾಡುತ್ತಿದ್ದೇವೆ. ಜಪಾನಿನ ಜನಪದ ಕಥೆಗಳಲ್ಲಿ ಬರುವ ವಿಚಿತ್ರ ಭೂತಗಳಾದ ಯೋಕಾಯ್‌ಗಳೇ ಶತ್ರುಗಳು. ಚಿತ್ರಗಳು ಚೆನ್ನಾಗಿ ಬಂದಿವೆ, ಆದರೆ ಆಡಿದವರೆಲ್ಲ ಹಳೇ ಗೇಮಿಗೆ ಹೊಸ ಮುಖವಾಡ ಹಾಕಿದ ಹಾಗಿದೆ ಅನ್ನುತ್ತಾರೆ. ಏನು ಮಾಡೋಣ?
— ಓದುಗರು, ಹುಬ್ಬಳ್ಳಿ

ಉತ್ತರ: ನಿಮ್ಮ ಗೇಮಿನಲ್ಲಿ ಕಪ್ಪಾ ಅನ್ನುವ ನೀರಿನ ಯೋಕಾಯ್ ಸೋಲುವುದು ಹೇಗೆ? ಕತ್ತಿ ಬೀಸಿ ಹೆಲ್ತ್ ಬಾರ್ ಖಾಲಿ ಮಾಡಿದರೆ ಸಾಕು ಅಂತಾದರೆ ತೊಂದರೆ ಅಲ್ಲೇ ಇದೆ. ಹೊಳೆ, ಕೆರೆಗಳಲ್ಲಿ ಇರುವ ಈ ಕಪ್ಪಾನ ನೆತ್ತಿಯ ಮೇಲೆ ತಟ್ಟೆಯಂಥ ಒಂದು ಗುಳಿ, ಅದರಲ್ಲಿ ನೀರು, ಆ ನೀರೇ ಅವನ ಶಕ್ತಿ. ಮರ್ಯಾದೆ ವಿಷಯದಲ್ಲಿ ಮಾತ್ರ ಭಾರಿ ಕಟ್ಟುನಿಟ್ಟು. ನೀವು ಬಗ್ಗಿ ನಮಸ್ಕಾರ ಮಾಡಿದರೆ ಅವನೂ ಬಗ್ಗಲೇಬೇಕು, ಬಗ್ಗಿದರೆ ನೀರು ಚೆಲ್ಲುತ್ತದೆ, ಆಮೇಲೆ ಕೈಕಾಲೇ ಆಡುವುದಿಲ್ಲ. ಸೌತೆಕಾಯಿ ಅಂದರೆ ಅವನಿಗೆ ಪ್ರಾಣ. ಹಾಗಾದರೆ ನಮಸ್ಕಾರಕ್ಕೆ ಒಂದು ಬಟನ್ ಕೊಡಿ, ಚೀಲದಲ್ಲಿ ಒಂದು ಸೌತೆಕಾಯಿ ಇಡಿ. ಅಷ್ಟಕ್ಕೇ ಆ ಜಗಳ ಬೇರೆ ಯಾವ ಗೇಮಿನಲ್ಲೂ ಇಲ್ಲದ ಜಗಳ ಆಗುತ್ತದೆ.

ಪ್ರತಿ ಯೋಕಾಯ್‌ನ ಕಥೆಯಲ್ಲೂ ಹೀಗೆ ಒಂದು ನಿಯಮ ಅಡಗಿದೆ. ಅದನ್ನು ಹುಡುಕಿ ತೆಗೆಯಿರಿ, ಬಣ್ಣ ಆಮೇಲೆ. ನೂರು ವರ್ಷ ಕಳೆದ ಮನೆಸಾಮಾನಿಗೆ ಜೀವ ಬರುತ್ತದೆ ಅನ್ನುವ ನಂಬಿಕೆ ಇದೆ, ಅವು ತ್ಸುಕುಮೊಗಾಮಿ. ಬಿಸಾಡಿದ ಸಾಮಾನುಗಳು ಸಿಟ್ಟಾಗಿ ಜನರ ಮೇಲೆ ತಿರುಗಿಬಿದ್ದ ಕಥೆಯೂ ಉಂಟು. ಆಟಗಾರ ಎರಡನೇ ಲೆವೆಲ್‌ನಲ್ಲಿ ಸುಮ್ನೆ ಬಿಸಾಡಿದ ಹಳೇ ಕೊಡೆ ಏಳನೇ ಲೆವೆಲ್‌ನಲ್ಲಿ ಒಂಟಿ ಕಣ್ಣು, ಒಂಟಿ ಕಾಲಿನ ಕರಕಾಸಾ ಆಗಿ ಎದುರು ನಿಂತರೆ ಹೇಗಿರುತ್ತದೆ ನೋಡಿ!

ಇನ್ನು ನನಗೆ ತುಂಬಾ ಇಷ್ಟವಾದದ್ದು 712ರಲ್ಲಿ ಬರೆದು ಮುಗಿಸಿದ ಜಪಾನಿನ ಪುರಾಣ ಗ್ರಂಥ ಕೊಜಿಕಿಯ ಕಥೆ. ಸತ್ತ ಹೆಂಡತಿ ಇಜಾನಾಮಿಯನ್ನು ಕರೆತರಲು ಇಜಾನಾಗಿ ಅನ್ನುವ ದೇವರು ಯೋಮಿ ಅನ್ನುವ ಸತ್ತವರ ಲೋಕಕ್ಕೆ ಹೋಗುತ್ತಾನೆ. ನೋಡಬೇಡ ಅಂದರೂ ಬಾಚಣಿಗೆಯ ಹಲ್ಲು ಮುರಿದು ದೀಪ ಹಚ್ಚಿ ನೋಡುತ್ತಾನೆ, ಕೊಳೆತ ದೇಹ ಕಂಡು ಓಡುತ್ತಾನೆ. ಬೆನ್ನಟ್ಟಿದ ಹೆಣ್ಣು ಪಿಶಾಚಿಗಳತ್ತ ತಲೆಗೆ ಸುತ್ತಿದ್ದ ಬಳ್ಳಿ ಎಸೆದರೆ ಅದು ದ್ರಾಕ್ಷಿಯಾಗುತ್ತದೆ, ಬಾಚಣಿಗೆ ಎಸೆದರೆ ಬಿದಿರಿನ ಕಳಲೆಯಾಗುತ್ತದೆ, ಅವರು ತಿನ್ನುತ್ತಾ ನಿಲ್ಲುತ್ತಾರೆ. ಆಮೇಲೆ ಸೈನ್ಯವೇ ಬಂದಾಗ ಮೂರು ಪೀಚ್ ಹಣ್ಣು ಎಸೆಯುತ್ತಾನೆ. ಕೊನೆಗೆ ದಾರಿಗೆ ಒಂದು ದೊಡ್ಡ ಬಂಡೆ ಅಡ್ಡ. ದೀಪ ಹಚ್ಚಿದರೆ ಅಪಾಯ, ಕೈಯಲ್ಲಿದ್ದದ್ದನ್ನು ಎಸೆದರೆ ಉಳಿವು. ಇದಕ್ಕಿಂತ ಒಳ್ಳೆಯ ಡಂಜನ್ ಎಲ್ಲಿ ಸಿಗುತ್ತದೆ?

ಚಿತ್ರಕ್ಕೆ ಜಪಾನಿನ ಕಲಾವಿದ ತೊರಿಯಾಮಾ ಸೆಕಿಯೆನ್ 1776ರಲ್ಲಿ ತಂದ ಯೋಕಾಯ್ ಪುಸ್ತಕ ನೋಡಿ. ಆ ಸಾಲಿನ ಮುಂದಿನ ಪುಸ್ತಕಗಳಲ್ಲಿ ಅವರೇ ಕಟ್ಟಿದ ಯೋಕಾಯ್‌ಗಳೂ ಇವೆ, ಆದ್ದರಿಂದ ನೀವೂ ಒಂದೆರಡು ಹೊಸದು ಕಟ್ಟಲು ಹೆದರಬೇಡಿ.

ಪ್ರಶ್ನೆ: ಸತ್ತರೆ ಮತ್ತೆ ಮೊದಲಿಂದ ಅನ್ನುವುದು ಜಾಸ್ತಿ ಆಯಿತು ಅಂತ ಗೆಳೆಯ ಹೇಳುತ್ತಾನೆ. ತೆಗೆದುಬಿಡಲಾ?
— ಅದೇ ಓದುಗರು

ಉತ್ತರ: ಬೇಡ. 1980ರ ರೋಗ್ ಗೇಮಿನಿಂದ ಬಂದ ಪದ್ಧತಿ ಅದು, ಪ್ರತಿ ಸಲ ನೆಲಮಾಳಿಗೆ ಬದಲಾಗುವುದರಿಂದಲೇ ರುಚಿ. ಆದರೆ ಜಪಾನಿನ ಗೇಮ್ ಕಂಪನಿ ಚುನ್‌ಸಾಫ್ಟ್‌ನವರು 1995ರಲ್ಲಿ ತಂದ ಶಿರೆನ್ ಅನ್ನುವ ಗೇಮ್ ಆಡಿ ನೋಡಿ. ಅಲ್ಲೂ ಸತ್ತರೆ ಲೆವೆಲ್ ಒಂದಕ್ಕೇ ವಾಪಸ್, ಕೈಯಲ್ಲಿದ್ದದ್ದೂ ಹೋಗುತ್ತದೆ. ಉಗ್ರಾಣದಲ್ಲಿ ಇಟ್ಟದ್ದು ಮಾತ್ರ ಉಳಿಯುತ್ತದೆ, ದಾರಿಯಲ್ಲಿ ಸಿಕ್ಕವರ ಕಥೆ ಮುಂದುವರಿಯುತ್ತದೆ. ನಿಮ್ಮ ಗೇಮಿನಲ್ಲೂ ಅಷ್ಟು ಉಳಿಸಿ. ಸೌತೆಕಾಯಿ ಕೊಟ್ಟು ಗೆಳೆಯನಾದ ಕಪ್ಪಾ ಮುಂದಿನ ಸಲವೂ ಆಟಗಾರನ ಗುರುತು ಹಿಡಿಯಲಿ.