ಅಮೆರಿಕದ ಬೇಸ್‌ಬಾಲ್‌ನ ಅತಿ ಮೇಲಿನ ಹಂತವಾದ ಮೇಜರ್ ಲೀಗ್‌ನಲ್ಲಿ ಪಂದ್ಯ ಆಡಿಯೂ ಮೂನ್‌ಲೈಟ್ ಗ್ರಹಾಂ ಒಮ್ಮೆಯೂ ಬ್ಯಾಟ್ ಮಾಡಲಿಲ್ಲ, ಯಾಕೆ?

ಅವರ ಸರದಿ ಬರುವ ಮೊದಲೇ ತಂಡದ ಬ್ಯಾಟಿಂಗ್ ಮುಗಿದುಹೋಯಿತು. ಒಬ್ಬರ ಅಂತರದಲ್ಲಿ, ಅಷ್ಟೇ.

1905ರ ಜೂನ್ 29, ಬ್ರೂಕ್ಲಿನ್. ಅಮೆರಿಕದ ಬೇಸ್‌ಬಾಲ್ ತಂಡ ನ್ಯೂಯಾರ್ಕ್ ಜೈಂಟ್ಸ್ ಭಾರಿ ಮುನ್ನಡೆಯಲ್ಲಿತ್ತು. ಕೊನೆಗೆ ಗೆದ್ದದ್ದು 11-1ರಿಂದ. ಬೇಸ್‌ಬಾಲ್‌ನಲ್ಲಿ ಒಂಬತ್ತು ಇನಿಂಗ್ಸ್, ಪ್ರತಿಯೊಂದರಲ್ಲೂ ಎರಡೂ ತಂಡ ಒಂದಾದ ಮೇಲೆ ಒಂದು ಬ್ಯಾಟ್ ಮಾಡುತ್ತವೆ. ಮುನ್ನಡೆ ಇದ್ದದ್ದರಿಂದ ಎಂಟನೇ ಇನಿಂಗ್ಸ್‌ನ ಕೊನೆಯ ಅರ್ಧದಲ್ಲಿ ಬೆಂಚ್ ಮೇಲಿದ್ದ ಆರ್ಚಿಬಾಲ್ಡ್ ಗ್ರಹಾಂ ಅವರನ್ನು ಫೀಲ್ಡಿಂಗ್‌ಗೆ ಇಳಿಸಿದರು. 'ಮೂನ್‌ಲೈಟ್' ಅನ್ನೋದು ಅವರ ಅಡ್ಡಹೆಸರು.

ಬೇಸ್‌ಬಾಲ್‌ನಲ್ಲಿ ಬದಲಿ ಆಟಗಾರ ತಾನು ಯಾರ ಜಾಗಕ್ಕೆ ಬಂದನೋ ಅವರ ಬ್ಯಾಟಿಂಗ್ ಸರದಿಯನ್ನೇ ಪಡೆಯುತ್ತಾನೆ. ಮುಂದೆ ತಳ್ಳಿಕೊಂಡು ಬರೋಕಾಗಲ್ಲ. ಇನ್ನೊಂದು, ಇಲ್ಲಿ ಹತ್ತು ವಿಕೆಟ್ ಇಲ್ಲ. ಮೂರು ಜನ ಔಟಾದರೆ ಆ ಇನಿಂಗ್ಸ್‌ನ ಬ್ಯಾಟಿಂಗ್ ಮುಗಿಯಿತು. ಒಂಬತ್ತನೇ ಇನಿಂಗ್ಸ್‌ನಲ್ಲಿ ಗ್ರಹಾಂ ಮುಂದಿನ ಬ್ಯಾಟರ್ ಆಗಿ ಕಾಯುತ್ತಾ ನಿಂತಿದ್ದರು. ಮುಂದಿದ್ದವರು ಔಟಾದರು. ಅದೇ ಮೂರನೇ ಔಟ್. ನಮ್ಮಲ್ಲಿ ಪ್ಯಾಡ್ ಕಟ್ಟಿಕೊಂಡು ಕೂತವನಿಗೆ ಇಳಿಯುವ ಅವಕಾಶವೇ ಸಿಗದ ಹಾಗೆ, ಅಲ್ವಾ? ಅವರು ಬ್ಯಾಟ್ ಇಟ್ಟು ಮತ್ತೆ ಫೀಲ್ಡಿಂಗ್‌ಗೆ ಹೋದರು. ಅವರ ಹೆಸರಿನಲ್ಲಿ ಒಂದು ಕ್ಯಾಚೂ ದಾಖಲಾಗಿಲ್ಲ.

ಆಮೇಲೆ ಕೆಳಹಂತದ ಲೀಗ್‌ಗಳಲ್ಲಿ ಕೆಲವು ವರ್ಷ ಆಡಿದರು, ಮೇಜರ್ ಲೀಗ್‌ಗೆ ಮರಳಲಿಲ್ಲ. ಇದನ್ನು ಸುಮ್ನೆ ಸೋಲಿನ ಕಥೆ ಅಂತ ಹೇಳೋದು ನನಗೆ ಸರಿ ಕಾಣಲ್ಲ. ಅವರು ಆಗಲೇ ವೈದ್ಯಕೀಯ ಓದಿದ್ದವರು. ಮಿನೆಸೋಟದ ಗಣಿ ಊರು ಚಿಸಮ್‌ನಲ್ಲಿ 40 ವರ್ಷಕ್ಕೂ ಜಾಸ್ತಿ ಕಾಲ ಶಾಲಾ ಮಕ್ಕಳ ಡಾಕ್ಟರ್ ಆಗಿದ್ದರು. ಮಕ್ಕಳ ರಕ್ತದೊತ್ತಡದ ಬಗ್ಗೆ ಅಧ್ಯಯನವನ್ನೂ ಮಾಡಿದರು. ತೀರಿಕೊಂಡದ್ದು 1965ರಲ್ಲಿ.